ವಿ.ಸಿ. ನಾಲೆಯಿಂದ ತಿಲಕ್ ಮಾರ್ಗಕ್ಕೆ: ಸುಪ್ರೀಂ ಕೋರ್ಟಿಗೆ ಇಷ್ಟು ಅಧಿಕಾರ ಎಲ್ಲಿಂದ ಬಂತು?

ಮಂಡ್ಯ ಜಿಲ್ಲೆಯ ಮನೆಗಳಲ್ಲಿ ಬೆಳಿಗ್ಗೆ ಪತ್ರಿಕೆ ಬಂದರೆ ಹಲವರು ಮೊದಲು ಹುಡುಕುವುದು ಕೆ.ಆರ್.ಎಸ್. ಮಟ್ಟವನ್ನು. ಗರಿಷ್ಠ 124.80 ಅಡಿ, ಇಂದಿನ ಮಟ್ಟ ಇಷ್ಟು, ಒಳಹರಿವು ಇಷ್ಟು, ಹೊರಹರಿವು ಇಷ್ಟು. ನಮ್ಮ ದೊಡ್ಡಪ್ಪನಿಗೆ ಮದ್ದೂರಿನ ಕಡೆ ವಿಶ್ವೇಶ್ವರಯ್ಯ (ವಿ.ಸಿ.) ನಾಲೆಯ ಕೊನೆಯ ಭಾಗದಲ್ಲಿ ಎರಡು ಎಕರೆ ಗದ್ದೆ ಇದೆ. ಕನ್ನಡಕವನ್ನು ಮೂಗಿನ ತುದಿಗೆ ಇಳಿಸಿ, ಆ ಚಿಕ್ಕ ಚೌಕದ ಮೇಲೆ ಬೆರಳಿಟ್ಟು ಓದಿ, ಈ ಸಲ ಭತ್ತದ ಸಸಿಗೆ ಒಟ್ಲು ಬಿಡಬಹುದೇ ಬೇಡವೇ ಎಂದು ಮನಸ್ಸಿನಲ್ಲೇ ಲೆಕ್ಕ ಹಾಕುತ್ತಾರೆ. ಆ ಲೆಕ್ಕದಲ್ಲಿ ಮಳೆ ಒಂದು ಭಾಗವಾದರೆ ದಿಲ್ಲಿಯ ಆದೇಶ ಇನ್ನೊಂದು ಭಾಗ.

2016ರ ಸೆಪ್ಟೆಂಬರ್ 5ರಂದು ಸುಪ್ರೀಂ ಕೋರ್ಟ್ ಹತ್ತು ದಿನ, ಸೆಕೆಂಡಿಗೆ 15,000 ಘನ ಅಡಿ, ಅಂದರೆ 15,000 ಕ್ಯುಸೆಕ್‌ನಂತೆ ತಮಿಳುನಾಡಿಗೆ ಕಾವೇರಿ ನೀರು ಹರಿಸಲು ಹೇಳಿತು. ಇದನ್ನು ಟಿಎಂಸಿಗೆ, ಅಂದರೆ ನೂರು ಕೋಟಿ ಘನ ಅಡಿಯ ಲೆಕ್ಕಕ್ಕೆ, ತಿರುಗಿಸಿದರೆ ಸುಮಾರು 13 ಆಗುತ್ತದೆ. ಕೆ.ಆರ್.ಎಸ್. ತುಂಬಿದರೆ ಹಿಡಿಯುವುದು 49.45 ಟಿಎಂಸಿ. ಅಂದರೆ ತುಂಬಿದ ಕಟ್ಟೆಯ ಕಾಲು ಭಾಗಕ್ಕಿಂತ ಹೆಚ್ಚು, ಅದೂ ಕಟ್ಟೆ ತುಂಬದ ವರ್ಷದಲ್ಲಿ. ಬೆಂಗಳೂರು ಹೊತ್ತಿ ಉರಿಯಿತು, ಮೈಸೂರು–ಬೆಂಗಳೂರು ಹೆದ್ದಾರಿ ನಿಂತಿತು. ಅದೇ ತಿಂಗಳ 23ರಂದು ವಿಧಾನಮಂಡಲ ವಿಶೇಷ ಅಧಿವೇಶನ ಕರೆದು, ಇರುವ ನೀರು ಕುಡಿಯುವುದಕ್ಕೆ ಮಾತ್ರ ಎಂದು ನಿರ್ಣಯ ಮಾಡಿತು. ಆಗ ದೊಡ್ಡಪ್ಪ ಜಗಲಿಯಲ್ಲಿ ಕೂತು ನನ್ನನ್ನು ಕೇಳಿದ್ದು ಇಷ್ಟು: “ನಾವು ವೋಟು ಹಾಕಿ ಕಳಿಸಿದವರೆಲ್ಲ ಸೇರಿ ಒಂದು ಮಾತು ಹೇಳಿದ್ದಾರೆ. ಯಾರೂ ವೋಟು ಹಾಕದ ಇಬ್ಬರು ಅದಕ್ಕಿಂತ ದೊಡ್ಡ ಮಾತು ಹೇಗೆ ಹೇಳುತ್ತಾರಪ್ಪ? ಅದನ್ನು ಸ್ವಲ್ಪ ಬಿಡಿಸಿ ಹೇಳು.”

ಅಂದು ನಾನು ಕೊಟ್ಟ ಉತ್ತರ ಅವರಿಗೂ ಸಾಲಲಿಲ್ಲ, ನನಗೂ ಸಾಲಲಿಲ್ಲ. ಸಂವಿಧಾನದಲ್ಲಿ ಹಾಗೆ ಬರೆದಿದೆ ಎಂದಷ್ಟೇ ಹೇಳಿದ್ದೆ. ಬರೆದಿರುವುದು ನಿಜ. ಆದರೆ ಬರೆದದ್ದಕ್ಕೂ ನಡೆದದ್ದಕ್ಕೂ ನಡುವೆ ಎಪ್ಪತ್ತೈದು ವರ್ಷಗಳ ಹಗ್ಗಜಗ್ಗಾಟವಿದೆ. ಆ ಹಗ್ಗ ಹಿಡಿದವರಲ್ಲಿ ನಮ್ಮ ಕನ್ನಡ ನಾಡಿನವರು ಎಷ್ಟು ಮಂದಿ ಎಂಬುದು ತಿಳಿಯುತ್ತಾ ಹೋದಂತೆ ನನಗೆ ಆಶ್ಚರ್ಯವಾಯಿತು.

ಸುಪ್ರೀಂ ಕೋರ್ಟ್ ಉದ್ಘಾಟನೆಯಾದದ್ದು 1950ರ ಜನವರಿ 28ರಂದು, ಗಣರಾಜ್ಯವಾದ ಎರಡೇ ದಿನಕ್ಕೆ. ಸ್ವಂತ ಕಟ್ಟಡವಿರಲಿಲ್ಲ. ಸಂಸತ್ ಭವನದೊಳಗೆ ಹಿಂದೆ ಸಂಸ್ಥಾನಗಳ ರಾಜರ ಮಂಡಳಿಗೆಂದು ಕಟ್ಟಿದ್ದ ಸಭಾಂಗಣದಲ್ಲೇ ಕಲಾಪ ನಡೆಯುತ್ತಿತ್ತು. ತಿಲಕ್ ಮಾರ್ಗದ ಈಗಿನ ಕಟ್ಟಡಕ್ಕೆ ಹೋದದ್ದು 1958ರಲ್ಲಿ. ಮೊದಲ ಮುಖ್ಯ ನ್ಯಾಯಮೂರ್ತಿ ಹರಿಲಾಲ್ ಕನಿಯಾ ಅವರನ್ನೂ ಸೇರಿಸಿ ಎಂಟು ನ್ಯಾಯಮೂರ್ತಿಗಳಿಗೆ ಅವಕಾಶವಿತ್ತು. 2019ರಲ್ಲಿ ಆ ಸಂಖ್ಯೆ 34ಕ್ಕೆ ಏರಿತು.

ಈ ನ್ಯಾಯಾಲಯಕ್ಕೆ ಹೋಗಲು ಹಲವು ದಾರಿಗಳಿವೆ. ಕೆಳಗಿನ ನ್ಯಾಯಾಲಯದಲ್ಲಿ ಸೋತವರು ಮೇಲ್ಮನವಿಯೊಂದಿಗೆ ಬರುತ್ತಾರೆ. ಮೂಲಭೂತ ಹಕ್ಕಿಗೆ ಧಕ್ಕೆಯಾಯಿತು ಎನ್ನುವವರು 32ನೇ ವಿಧಿಯ ಅಡಿಯಲ್ಲಿ ನೇರವಾಗಿ ಬಾಗಿಲು ತಟ್ಟಬಹುದು. ಸಂವಿಧಾನದ ಹೃದಯ ಮತ್ತು ಆತ್ಮ ಎಂದು ಅಂಬೇಡ್ಕರ್ ಕರೆದದ್ದು ಈ ವಿಧಿಯನ್ನೇ. ರಾಜ್ಯ ರಾಜ್ಯಗಳ ನಡುವಿನ ಜಗಳಕ್ಕೆ 131ನೇ ವಿಧಿ ಇದೆ. ರಾಷ್ಟ್ರಪತಿಯವರು ಕಾನೂನಿನ ಒಂದು ಪ್ರಶ್ನೆ ಕೇಳಿ ಅಭಿಪ್ರಾಯ ಪಡೆಯಲು 143ನೇ ವಿಧಿ ಇದೆ. ಇವೆಲ್ಲಕ್ಕಿಂತ ಅಗಲವಾದ ಬಾಗಿಲು 136ನೆಯದು. ಸೇನಾ ನ್ಯಾಯಾಲಯಗಳನ್ನು ಬಿಟ್ಟರೆ ದೇಶದ ಯಾವುದೇ ನ್ಯಾಯಾಲಯ ಅಥವಾ ನ್ಯಾಯಮಂಡಳಿಯ ತೀರ್ಪಿನ ಮೇಲೆ, ತನಗೆ ಸರಿಕಂಡರೆ, ವಿಶೇಷ ಅನುಮತಿ ಕೊಟ್ಟು ಮೇಲ್ಮನವಿ ಕೇಳುವ ಅಧಿಕಾರ ಅದು.

ನದಿ ನೀರಿನ ಮಟ್ಟಿಗೆ ಮಾತ್ರ ಸಂವಿಧಾನ ಬರೆದವರು ಬೇರೆ ದಾರಿ ಯೋಚಿಸಿದ್ದರು. 262ನೇ ವಿಧಿ ಹೇಳುವಂತೆ, ಅಂತರರಾಜ್ಯ ನದಿಯ ವ್ಯಾಜ್ಯಗಳನ್ನು ಸುಪ್ರೀಂ ಕೋರ್ಟ್ ಸಹಿತ ಯಾವ ನ್ಯಾಯಾಲಯವೂ ಮುಟ್ಟಬಾರದು ಎಂದು ಸಂಸತ್ತು ಕಾನೂನು ಮಾಡಬಹುದು. 1956ರಲ್ಲಿ ಸಂಸತ್ತು ಹಾಗೆಯೇ ಕಾನೂನು ಮಾಡಿತು. ನೀರಿನ ಜಗಳ ನ್ಯಾಯಮಂಡಳಿಗೆ, ಕೋರ್ಟಿಗಲ್ಲ. ಹಾಗಿದ್ದರೂ ಕಾವೇರಿ ಎಂದಾಗಲೆಲ್ಲ ಸುಪ್ರೀಂ ಕೋರ್ಟಿನ ಹೆಸರು ಏಕೆ ಕೇಳಿಬರುತ್ತದೆ?

ಉತ್ತರವು ಕೋರ್ಟಿನ ಸ್ವಭಾವವನ್ನೇ ತೋರಿಸುತ್ತದೆ. ನ್ಯಾಯಮಂಡಳಿ ರಚಿಸಲು ಕೇಂದ್ರ ವರ್ಷಗಟ್ಟಲೆ ಮೀನಮೇಷ ಎಣಿಸಿದಾಗ, ತಮಿಳುನಾಡಿನ ರೈತ ಸಂಘವೊಂದರ ಅರ್ಜಿಯ ಮೇಲೆ 1990ರ ಮೇ 4ರಂದು ‘ರಚಿಸಿ’ ಎಂದು ಆದೇಶಿಸಿದ್ದು ಸುಪ್ರೀಂ ಕೋರ್ಟ್. ಜೂನ್ 2ರಂದು ನ್ಯಾಯಮಂಡಳಿ ಬಂತು. ಅದು 1991ರ ಜೂನ್ 25ರಂದು ವರ್ಷಕ್ಕೆ 205 ಟಿಎಂಸಿ ಬಿಡಬೇಕೆಂದು ಮಧ್ಯಂತರ ಆದೇಶ ಕೊಟ್ಟಾಗ, ಬಂಗಾರಪ್ಪನವರ ಸರ್ಕಾರ ಸುಗ್ರೀವಾಜ್ಞೆ ಹೊರಡಿಸಿ ಅದನ್ನು ತಡೆಯಲು ನೋಡಿತು. ಮಂಡ್ಯ ಆ ಸುಗ್ರೀವಾಜ್ಞೆಯನ್ನು ತನ್ನದೆಂದೇ ಎದೆಗವಚಿಕೊಂಡಿತು. ರಾಷ್ಟ್ರಪತಿಯವರು 143ನೇ ವಿಧಿಯಡಿ ಪ್ರಶ್ನೆಯನ್ನು ಸುಪ್ರೀಂ ಕೋರ್ಟಿಗೆ ಕಳಿಸಿದರು. ನವೆಂಬರ್ 22ರಂದು ಬಂದ ಅಭಿಪ್ರಾಯ ಸ್ಪಷ್ಟವಾಗಿತ್ತು: ತನ್ನ ವ್ಯಾಜ್ಯಕ್ಕೆ ತಾನೇ ನ್ಯಾಯಾಧೀಶನಾಗಲು ಯಾವ ರಾಜ್ಯಕ್ಕೂ ಅಧಿಕಾರವಿಲ್ಲ, ಸುಗ್ರೀವಾಜ್ಞೆ ಸಂವಿಧಾನಕ್ಕೆ ವಿರುದ್ಧ. ಕೊನೆಗೆ 2016ರ ಡಿಸೆಂಬರ್ 9ರಂದು, ನ್ಯಾಯಮಂಡಳಿಯ ಅಂತಿಮ ತೀರ್ಪಿನ ಮೇಲೂ 136ನೇ ವಿಧಿಯಡಿ ಮೇಲ್ಮನವಿ ಕೇಳಬಹುದು, 262ನೇ ವಿಧಿ ಅದನ್ನು ತಡೆಯುವುದಿಲ್ಲ ಎಂದು ಕೋರ್ಟ್ ತೀರ್ಮಾನಿಸಿತು. ಮುಂದಿನ ಬಾಗಿಲು ಮುಚ್ಚಿದ್ದಾಗ ಪಕ್ಕದ ಬಾಗಿಲನ್ನು ತಾನೇ ತೆರೆದುಕೊಂಡಿತು. ಈ ತೆರೆದುಕೊಳ್ಳುವ ಅಭ್ಯಾಸ ಕಾವೇರಿಯಿಂದ ಶುರುವಾದದ್ದಲ್ಲ. ಅದರ ಬೇರು ಜಮೀನಿನಲ್ಲಿದೆ.

ಸ್ವಾತಂತ್ರ್ಯ ಬಂದ ಹೊಸದರಲ್ಲಿ ಸರ್ಕಾರಗಳು ಜಮೀನ್ದಾರಿ ತೆಗೆಯಲು, ಗೇಣಿದಾರನಿಗೆ ಭೂಮಿ ಕೊಡಲು ಹೊರಟವು. ಸಂವಿಧಾನದಲ್ಲಿ ಆಗ ಆಸ್ತಿಯೂ ಮೂಲಭೂತ ಹಕ್ಕಾಗಿತ್ತು. ಜಮೀನು ಕಳೆದುಕೊಂಡವರು ಕೋರ್ಟಿಗೆ ಹೋದರು. ಸಂಸತ್ತು 1951ರಲ್ಲೇ ಮೊದಲ ತಿದ್ದುಪಡಿ ತಂದು ಒಂಬತ್ತನೇ ಅನುಸೂಚಿ ಎಂಬ ಪೆಟ್ಟಿಗೆ ಮಾಡಿತು. ಅದರೊಳಗೆ ಇಟ್ಟ ಕಾನೂನನ್ನು ಮೂಲಭೂತ ಹಕ್ಕಿನ ಹೆಸರಿನಲ್ಲಿ ಕೋರ್ಟ್ ರದ್ದು ಮಾಡುವಂತಿಲ್ಲ. ಕೋರ್ಟೂ ಮೊದಲು ಒಪ್ಪಿತು. 1967ರಲ್ಲಿ ಗೋಲಕ್‌ನಾಥ್ ಪ್ರಕರಣ ಬಂದಾಗ ಮಾತು ಬದಲಾಯಿತು. ಪಂಜಾಬಿನ ಆ ಕುಟುಂಬದ ಅರ್ಜಿಯ ಜೊತೆಗೇ ನಮ್ಮ ಮೈಸೂರು ಭೂಸುಧಾರಣಾ ಕಾಯ್ದೆಯನ್ನು ಪ್ರಶ್ನಿಸಿದ ಅರ್ಜಿಗಳೂ ವಿಚಾರಣೆಯಲ್ಲಿದ್ದವು. ಹನ್ನೊಂದು ನ್ಯಾಯಮೂರ್ತಿಗಳಲ್ಲಿ ಆರು ಮಂದಿ, ಮೂಲಭೂತ ಹಕ್ಕನ್ನು ಮೊಟಕುಗೊಳಿಸುವ ತಿದ್ದುಪಡಿ ಮಾಡಲು ಸಂಸತ್ತಿಗೂ ಅಧಿಕಾರವಿಲ್ಲ ಎಂದರು. ಒಂದೇ ಮತದ ಅಂತರ.

ಅಲ್ಲಿಂದ ಇಂದಿರಾ ಗಾಂಧಿಯವರ ಸರ್ಕಾರಕ್ಕೂ ಕೋರ್ಟಿಗೂ ನೇರ ಹಣಾಹಣಿ. 1970ರ ಫೆಬ್ರವರಿಯಲ್ಲಿ ಬ್ಯಾಂಕ್ ರಾಷ್ಟ್ರೀಕರಣದ ಕಾನೂನು ಕೋರ್ಟಿನಲ್ಲಿ ಬಿದ್ದಿತು. ಅದೇ ವರ್ಷ ಸೆಪ್ಟೆಂಬರಿನಲ್ಲಿ ಹಳೆಯ ಸಂಸ್ಥಾನಗಳ ರಾಜರ ಮಾನ್ಯತೆಯನ್ನು, ಅದರ ಜೊತೆಗೆ ಸರ್ಕಾರ ಅವರಿಗೆ ವರ್ಷವರ್ಷ ಕೊಡುತ್ತಿದ್ದ ರಾಜಧನವನ್ನು ರದ್ದುಪಡಿಸುವ ಆದೇಶ ಹೊರಟಿತು. ಮೈಸೂರಿನವರಿಗೆ ಇದು ದೂರದ ಸುದ್ದಿಯಲ್ಲ. ಮೈಸೂರು ಮಹಾರಾಜರಿಗೆ ನಿಗದಿಯಾಗಿದ್ದ ರಾಜಧನ ವರ್ಷಕ್ಕೆ 26 ಲಕ್ಷ ರೂಪಾಯಿ, ದೇಶದಲ್ಲೇ ಅತಿ ದೊಡ್ಡ ಮೊತ್ತಗಳಲ್ಲಿ ಒಂದು. ಡಿಸೆಂಬರ್ 15ರಂದು ಕೋರ್ಟ್ ಆ ಆದೇಶವನ್ನೂ ರದ್ದು ಮಾಡಿತು. ಇಂದಿರಾ ಚುನಾವಣೆಗೆ ಹೋಗಿ, ದೊಡ್ಡ ಬಹುಮತದಿಂದ ಗೆದ್ದು ಬಂದು, 1971ರಲ್ಲಿ ಸಂವಿಧಾನವನ್ನೇ ತಿದ್ದಿ ರಾಜಧನವನ್ನು ತೆಗೆದುಹಾಕಿದರು. ದೊಡ್ಡಪ್ಪನ ಪ್ರಶ್ನೆ ಆಗ ದೇಶದ ಪ್ರಶ್ನೆಯಾಗಿತ್ತು. ವೋಟು ಪಡೆದವರು ಎಲ್ಲಿಯವರೆಗೆ ಹೋಗಬಹುದು?

ಅದಕ್ಕೆ ಉತ್ತರ ಹುಟ್ಟಿದ್ದು ಕಾಸರಗೋಡಿನ ಕನ್ನಡ ನೆಲದಿಂದ. ಎಡನೀರು ಮಠದ ಸ್ವಾಮೀಜಿ ಕೇಶವಾನಂದ ಭಾರತಿಯವರು ಕೇರಳದ ಭೂಸುಧಾರಣಾ ಕಾನೂನಿನಿಂದ ಮಠದ ಜಮೀನು ಹೋಗುವುದನ್ನು ಪ್ರಶ್ನಿಸಿ ಅರ್ಜಿ ಹಾಕಿದ್ದರು. ಯಕ್ಷಗಾನವನ್ನು ಪ್ರೀತಿಸಿ ಪೋಷಿಸಿದ ಮಠ ಅದು. ಅವರ ಪರವಾಗಿ ವಕೀಲ ನಾನಿ ಪಾಲ್ಖಿವಾಲಾ ವಾದಿಸಿದರು. ಹದಿಮೂರು ನ್ಯಾಯಮೂರ್ತಿಗಳು 68 ದಿನ ಕೇಳಿದರು. 1973ರ ಏಪ್ರಿಲ್ 24ರಂದು ತೀರ್ಪು ಬಂತು, ಏಳಕ್ಕೆ ಆರು. ಸಂಸತ್ತು ಸಂವಿಧಾನದ ಯಾವ ಭಾಗವನ್ನಾದರೂ ತಿದ್ದಬಹುದು, ಆದರೆ ಅದರ ಮೂಲ ಸ್ವರೂಪವನ್ನು ಕೆಡಿಸುವಂತಿಲ್ಲ ಎಂಬುದು ಅದರ ಸಾರ. ಹಳೆಯ ಮನೆಗೆ ಹೆಂಚು ಬದಲಿಸಬಹುದು, ಗೋಡೆ ಒಡೆದು ಕಿಟಕಿ ಇಡಬಹುದು. ತೊಲೆ ಕಂಬಗಳನ್ನೇ ಕಿತ್ತರೆ ಅದು ಆ ಮನೆಯಾಗಿ ಉಳಿಯುವುದಿಲ್ಲ. ಆದರೆ ಯಾವುದು ಕಂಬ, ಯಾವುದು ಗೋಡೆ ಎಂದು ಹೇಳುವವರು ಯಾರು? ಕೋರ್ಟ್ ಆ ಕೆಲಸವನ್ನು ತನ್ನ ಕೈಯಲ್ಲೇ ಇಟ್ಟುಕೊಂಡಿತು. ಸಂವಿಧಾನದ ಯಾವ ಪುಟದಲ್ಲೂ ‘ಮೂಲ ಸ್ವರೂಪ’ ಎಂಬ ಮಾತಿಲ್ಲ. ಇದು ನ್ಯಾಯಮೂರ್ತಿಗಳು ತಾವೇ ಕಟ್ಟಿದ ಏರಿ. ಸರಿಯಾದ ಜಾಗದಲ್ಲಿ, ಸರಿಯಾದ ಹೊತ್ತಿಗೆ ಕಟ್ಟಿದ ಏರಿ ಎಂದು ನಾನು ನಂಬುತ್ತೇನೆ. ಸ್ವಾಮೀಜಿಯವರು ಕಾಪಾಡಬೇಕೆಂದಿದ್ದ ಆಸ್ತಿಯ ಹಕ್ಕನ್ನು ಮಾತ್ರ ಆ ಏರಿ ಕಾಯಲಿಲ್ಲ, ಭೂಸುಧಾರಣೆ ಉಳಿಯಿತು. ಮರುವರ್ಷ ಹುಣಸೂರಿನ ದೇವರಾಜ ಅರಸರು ‘ಉಳುವವನೇ ಹೊಲದೊಡೆಯ’ ಎಂದು ಕಾನೂನನ್ನು ಬಿಗಿಗೊಳಿಸಿದ್ದು ಇದೇ ಕಾಲದಲ್ಲಿ.

ತೀರ್ಪಿನ ಮರುದಿನವೇ ಸರ್ಕಾರ ಉತ್ತರ ಕೊಟ್ಟಿತು. ಹಿರಿತನದಲ್ಲಿ ಮುಂದಿದ್ದ ಮೂವರನ್ನು, ಶೆಲತ್, ಕೆ.ಎಸ್. ಹೆಗ್ಡೆ ಮತ್ತು ಗ್ರೋವರ್ ಅವರನ್ನು ಬಿಟ್ಟು, ನಾಲ್ಕನೆಯವರಾದ ಎ.ಎನ್. ರೇ ಅವರನ್ನು ಮುಖ್ಯ ನ್ಯಾಯಮೂರ್ತಿ ಮಾಡಿತು. ಆ ಮೂವರೂ ಸರ್ಕಾರದ ವಾದವನ್ನು ಒಪ್ಪದವರು, ರೇ ಒಪ್ಪಿದವರು. ಮೂವರೂ ರಾಜೀನಾಮೆ ಕೊಟ್ಟು ಹೊರಬಂದರು. ಕಾರ್ಕಳ ತಾಲ್ಲೂಕಿನ ಕೌಡೂರಿನ ಹೆಗ್ಡೆಯವರು ಸುಮ್ಮನೆ ಕೂರಲಿಲ್ಲ. 1977ರಲ್ಲಿ ಬೆಂಗಳೂರು ದಕ್ಷಿಣದಿಂದ ಗೆದ್ದು, ಲೋಕಸಭೆಯ ಸ್ಪೀಕರ್ ಆದರು.

ಆ ನೇಮಕದ ಬೆಲೆ ಏನೆಂದು ದೇಶಕ್ಕೆ ಗೊತ್ತಾದದ್ದು ತುರ್ತು ಪರಿಸ್ಥಿತಿಯಲ್ಲಿ. ವಿಚಾರಣೆಯಿಲ್ಲದೆ ಜೈಲಿಗೆ ಹಾಕಿದವರು ಹೈಕೋರ್ಟುಗಳ ಮೊರೆ ಹೋದರು. ಬೆಂಗಳೂರಿನಲ್ಲಿ ಬಂಧನಕ್ಕೊಳಗಾಗಿದ್ದ ವಾಜಪೇಯಿ, ಆಡ್ವಾಣಿ, ಮಧು ದಂಡವತೆಯವರ ಅರ್ಜಿಗಳು ಕರ್ನಾಟಕ ಹೈಕೋರ್ಟಿನ ಮುಂದಿದ್ದವು. ಒಂಬತ್ತು ಹೈಕೋರ್ಟುಗಳು ಬಂಧಿತರ ಅಹವಾಲು ಕೇಳುತ್ತೇವೆ ಎಂದವು. ಸುಪ್ರೀಂ ಕೋರ್ಟ್ 1976ರ ಏಪ್ರಿಲ್ 28ರಂದು ಕೇಳಬೇಕಿಲ್ಲ ಎಂದಿತು. ಐವರಲ್ಲಿ ಎಚ್.ಆರ್. ಖನ್ನಾ ಒಬ್ಬರೇ ಬೇರೆ ಮಾತು ಬರೆದರು. 1977ರ ಜನವರಿಯಲ್ಲಿ ಅವರನ್ನೂ ಹಿಂದಿಕ್ಕಿ ಕಿರಿಯರಾದ ಬೇಗ್ ಮುಖ್ಯ ನ್ಯಾಯಮೂರ್ತಿಯಾದರು, ಖನ್ನಾ ರಾಜೀನಾಮೆ ಕೊಟ್ಟರು. ಈ ನ್ಯಾಯಾಲಯದ ಚರಿತ್ರೆಯಲ್ಲಿ ಇದಕ್ಕಿಂತ ನೋವಿನ ತೀರ್ಪನ್ನು ನಾನು ಓದಿಲ್ಲ. ಬಹುಮತದಲ್ಲಿದ್ದ ಭಗವತಿಯವರು ಅದು ತಪ್ಪಾಗಿತ್ತು ಎಂದು ವರ್ಷಗಳ ನಂತರ ಒಪ್ಪಿಕೊಂಡರು. ಕೋರ್ಟ್ ಅದನ್ನು ಅಧಿಕೃತವಾಗಿ ಅಳಿಸಿಹಾಕಲು 2017 ಬರಬೇಕಾಯಿತು. ಖಾಸಗಿತನದ ಹಕ್ಕಿನ ಆ ಮೊಕದ್ದಮೆ ಹಾಕಿದವರು ಕರ್ನಾಟಕ ಹೈಕೋರ್ಟಿನ ನಿವೃತ್ತ ನ್ಯಾಯಮೂರ್ತಿ ಕೆ.ಎಸ್. ಪುಟ್ಟಸ್ವಾಮಿ.

ಈ ಪೆಟ್ಟಿನಿಂದ ಕೋರ್ಟ್ ಎರಡು ಪಾಠ ಕಲಿತಂತೆ ಕಾಣುತ್ತದೆ. ಒಂದು, ಜನರನ್ನು ತನ್ನ ಬಳಿಗೆ ಕರೆದುಕೊಳ್ಳಬೇಕು. ಎಪ್ಪತ್ತರ ದಶಕದ ಕೊನೆಯಿಂದ ಸಾರ್ವಜನಿಕ ಹಿತಾಸಕ್ತಿ ಅರ್ಜಿಗಳು ಬೆಳೆದವು, ಬಡವರ ಪರವಾಗಿ ಬರೆದ ಕಾಗದವೂ ಅರ್ಜಿಯಾಗತೊಡಗಿತು. ಎರಡು, ತನ್ನವರನ್ನು ತಾನೇ ಆರಿಸಬೇಕು. ಈ ಎರಡನೆಯದು ಇಂದಿಗೂ ಉರಿಯುತ್ತಿರುವ ರಾಜಕಾರಣ.

ನ್ಯಾಯಮೂರ್ತಿಗಳನ್ನು ರಾಷ್ಟ್ರಪತಿಯವರು ಸಮಾಲೋಚನೆ ನಡೆಸಿ ನೇಮಿಸಬೇಕು ಎಂದು 124ನೇ ವಿಧಿ ಹೇಳುತ್ತದೆ. ಸಮಾಲೋಚನೆ ಎಂದರೆ ಕೇಳುವುದೇ, ಒಪ್ಪುವುದೇ? 1981ರ ಡಿಸೆಂಬರಿನಲ್ಲಿ ಏಳು ನ್ಯಾಯಮೂರ್ತಿಗಳ ಪೀಠ, ಕೊನೆಯ ಮಾತು ಸರ್ಕಾರದ್ದು ಎಂದಿತು. ಆ ಪೀಠದಲ್ಲಿದ್ದವರಲ್ಲಿ ಒಬ್ಬರು ಇ.ಎಸ್. ವೆಂಕಟರಾಮಯ್ಯ, ಪಾಂಡವಪುರ ತಾಲ್ಲೂಕಿನ ನೆಲದವರು. 1989ರಲ್ಲಿ ಆರು ತಿಂಗಳು ದೇಶದ ಮುಖ್ಯ ನ್ಯಾಯಮೂರ್ತಿಯೂ ಆದರು. 1993ರಲ್ಲಿ ಒಂಬತ್ತು ಮಂದಿಯ ಪೀಠ ಇದನ್ನು ತಿರುವಿಹಾಕಿ, ಮುಖ್ಯ ನ್ಯಾಯಮೂರ್ತಿ ಮತ್ತು ಹಿರಿಯ ಸಹೋದ್ಯೋಗಿಗಳ ಮಾತೇ ಮೇಲು ಎಂದಿತು. 1998ರಲ್ಲಿ ಆ ಗುಂಪನ್ನು ಐವರಿಗೆ ನಿಗದಿಪಡಿಸಿತು. ಇದೇ ಕೊಲಿಜಿಯಂ. ಈ ವರ್ಷಗಳನ್ನು ಗಮನಿಸಿ ನೋಡಿ: ಕೇಂದ್ರದಲ್ಲಿ ಒಂದೇ ಪಕ್ಷದ ಗಟ್ಟಿ ಬಹುಮತ ಇಲ್ಲದ ಕಾಲ ಅದು. ಸರ್ಕಾರ ಬಲಹೀನವಾಗಿದ್ದಾಗ ಕೋರ್ಟ್ ಕೈಚಾಚಿತು. 2014ರಲ್ಲಿ ಬಹುಮತದ ಸರ್ಕಾರ ಬಂದ ಕೂಡಲೇ ಸಂಸತ್ತು 99ನೇ ತಿದ್ದುಪಡಿಯಿಂದ ನೇಮಕಾತಿ ಆಯೋಗ ರಚಿಸಲು ಮುಂದಾಯಿತು. ಕೋರ್ಟ್ 2015ರ ಅಕ್ಟೋಬರ್ 16ರಂದು, ನಾಲ್ಕಕ್ಕೆ ಒಂದರ ಬಹುಮತದಲ್ಲಿ, ಮೂಲ ಸ್ವರೂಪದ ಹೆಸರಿನಲ್ಲೇ ಅದನ್ನು ರದ್ದು ಮಾಡಿತು. ಎಡನೀರಿನ ಪ್ರಕರಣದಲ್ಲಿ ಹುಟ್ಟಿದ ಸಿದ್ಧಾಂತ ನ್ಯಾಯಮೂರ್ತಿಗಳ ಸ್ವಂತ ಮನೆಯ ಬೇಲಿಯೂ ಆಯಿತು. 1973 ಮತ್ತು 1976 ನೆನೆದರೆ ಸರ್ಕಾರದ ಕೈಗೆ ನೇಮಕ ಕೊಡಲು ನನಗೆ ಭಯವಾಗುತ್ತದೆ. ಹಾಗೆಂದು ಐವರು ಒಳಗೆ ಕೂತು ಯಾರನ್ನು ಏಕೆ ಆರಿಸಿದೆವು, ಯಾರನ್ನು ಏಕೆ ಬಿಟ್ಟೆವು ಎಂಬುದನ್ನು ಪೂರ್ತಿಯಾಗಿ ಹೇಳದೆ ಇರುವುದೂ ನನಗೆ ಒಪ್ಪಿಗೆಯಿಲ್ಲ.

ಇನ್ನು ದೊಡ್ಡಪ್ಪನ ಪ್ರಶ್ನೆಯ ಗಟ್ಟಿ ಭಾಗ. ಕೋರ್ಟಿಗೆ ಸೈನ್ಯವಿಲ್ಲ, ಖಜಾನೆಯಿಲ್ಲ. ದೇಶದ ಎಲ್ಲ ಅಧಿಕಾರಿಗಳೂ ಅದಕ್ಕೆ ನೆರವಾಗಬೇಕು ಎಂದು 144ನೇ ವಿಧಿ ಹೇಳುತ್ತದೆ, ನ್ಯಾಯಾಂಗ ನಿಂದನೆಗೆ ಶಿಕ್ಷಿಸುವ ಅಧಿಕಾರವೂ ಇದೆ. ಆದರೂ ಒಂದು ರಾಜ್ಯ ಸರ್ಕಾರ ಎದೆಯುಬ್ಬಿಸಿ ಆಗುವುದಿಲ್ಲ ಎಂದರೆ ಕ್ರಸ್ಟ್ ಗೇಟ್ ತಿರುಗಿಸಲು ದಿಲ್ಲಿಯಿಂದ ನ್ಯಾಯಮೂರ್ತಿಗಳು ಬರಲಾರರು. ಅದು ಅವರಿಗೂ ಗೊತ್ತು. ಹಾಗಾಗಿ ಅವರು ಅಳೆದು ನಡೆಯುತ್ತಾರೆ. 2016ರ ಆ ಒಂದೇ ತಿಂಗಳನ್ನು ನೋಡಿ. 15,000 ಕ್ಯುಸೆಕ್ ಸೆಪ್ಟೆಂಬರ್ 12ರಂದು 12,000 ಆಯಿತು, 20ರಂದು 6,000, ಅಕ್ಟೋಬರ್ 4ರಂದು 2,000. ಇತ್ತ ವಿಧಾನಮಂಡಲವೂ ಅಕ್ಟೋಬರ್ 3ರಂದು ಮತ್ತೆ ಸೇರಿ, ಬೆಳೆಗೂ ನೀರು ಬಿಡಬಹುದು ಎಂದು ಎರಡನೇ ನಿರ್ಣಯ ಮಾಡಿತು. ನಾಲೆಯ ಜೊತೆಗೆ ನದಿಗೂ ನೀರು ಇಳಿಯಿತು. ಕೋರ್ಟ್ ಗೆದ್ದಿತು, ವಿಧಾನಸಭೆ ಸೋತಿತು ಎಂದು ಓದಿದರೆ ಅರ್ಧ ಮಾತ್ರ ಓದಿದಂತೆ. ಮುಖಾಮುಖಿ ಡಿಕ್ಕಿಯಾದರೆ ಇಬ್ಬರಿಗೂ ನಷ್ಟ ಎಂದು ತಿಳಿದ ಎರಡು ಸಂಸ್ಥೆಗಳು ಒಂದೊಂದು ಹೆಜ್ಜೆ ಸರಿದು ದಾರಿ ಮಾಡಿಕೊಂಡವು.

ಆ ಮಾತಿನ ಭಾರ ಎಲ್ಲಿಂದ ಬಂತು ಎಂಬುದಕ್ಕೆ ಇನ್ನೊಂದು ಉದಾಹರಣೆಯನ್ನು ನಾನು ದೊಡ್ಡಪ್ಪನಿಗೆ ಹೇಳಿದೆ. 1989ರ ಏಪ್ರಿಲ್‌ನಲ್ಲಿ ಎಸ್.ಆರ್. ಬೊಮ್ಮಾಯಿಯವರ ಸರ್ಕಾರವನ್ನು, ಸದನದಲ್ಲಿ ಬಲ ತೋರಿಸಲು ಅವಕಾಶವನ್ನೂ ಕೊಡದೆ, ರಾಜ್ಯಪಾಲರ ವರದಿಯ ಮೇಲೆ ವಜಾ ಮಾಡಲಾಯಿತು. 1994ರ ಮಾರ್ಚ್ 11ರಂದು ಒಂಬತ್ತು ನ್ಯಾಯಮೂರ್ತಿಗಳ ಪೀಠ, ಬಹುಮತ ಸಾಬೀತಾಗಬೇಕಾದ ಜಾಗ ವಿಧಾನಸಭೆ, ರಾಜಭವನವಲ್ಲ ಎಂದಿತು. ಬೊಮ್ಮಾಯಿಯವರಿಗೆ ಕುರ್ಚಿ ಮರಳಲಿಲ್ಲ. ಆದರೆ ಅಂದಿನಿಂದ ಇಷ್ಟಬಂದಂತೆ ರಾಜ್ಯ ಸರ್ಕಾರಗಳನ್ನು ಕೆಡವುವುದು ಕಷ್ಟವಾಯಿತು. ನಾವು ವೋಟು ಹಾಕಿದವರ ಮಾತಿಗೆ ಬೆಲೆ ತಂದುಕೊಟ್ಟದ್ದೂ ಯಾರೂ ವೋಟು ಹಾಕದ ಅದೇ ಪೀಠ. ದೊಡ್ಡಪ್ಪ ಇದನ್ನು ಕೇಳಿ ಸ್ವಲ್ಪ ಹೊತ್ತು ಮಾತಾಡಲಿಲ್ಲ. ಆಮೇಲೆ, “ಸರಿ, ನಮ್ಮ ನೀರಿನ ಕಥೆ ಎಲ್ಲಿಗೆ ಬಂತು?” ಎಂದರು.

2018ರ ಫೆಬ್ರವರಿ 16ಕ್ಕೆ ಬಂತು. ನ್ಯಾಯಮಂಡಳಿ 2007ರಲ್ಲಿ ಕರ್ನಾಟಕಕ್ಕೆ 270 ಟಿಎಂಸಿ ಕೊಟ್ಟಿತ್ತು. ಸುಪ್ರೀಂ ಕೋರ್ಟ್ ಅದಕ್ಕೆ 14.75 ಸೇರಿಸಿ 284.75 ಮಾಡಿತು. ತಮಿಳುನಾಡಿನ ಅಂತರ್ಜಲವನ್ನು ಲೆಕ್ಕಕ್ಕೆ ಹಿಡಿದದ್ದರಿಂದ ಹತ್ತು, ಬೆಂಗಳೂರಿನ ಕುಡಿಯುವ ನೀರಿಗೆಂದು 4.75. ನಾವು ಬಿಡಬೇಕಾದ ನೀರು 192ರಿಂದ 177.25 ಟಿಎಂಸಿಗೆ ಇಳಿಯಿತು. ಅಂತರರಾಜ್ಯ ನದಿ ರಾಷ್ಟ್ರದ ಸಂಪತ್ತು, ಯಾವ ರಾಜ್ಯವೂ ಅದು ತನ್ನದೆಂದು ಹೇಳುವಂತಿಲ್ಲ ಎಂದೂ ಬರೆಯಿತು. ಮಳೆ ಕೈಕೊಟ್ಟ ವರ್ಷ ಕೊರತೆಯನ್ನು ಹೇಗೆ ಹಂಚಿಕೊಳ್ಳಬೇಕು ಎಂಬ ಜಗಳ ನಂತರ ರಚನೆಯಾದ ನೀರು ನಿರ್ವಹಣಾ ಪ್ರಾಧಿಕಾರದ ಮುಂದೆ ಮುಂದುವರಿದಿದೆ.

ಆ ತೀರ್ಪಿನಲ್ಲಿ ಇನ್ನೊಂದು ಸಾಲಿದೆ. ಈ ಹಂಚಿಕೆ ಹದಿನೈದು ವರ್ಷ ಬದಲಾಗದು. ಅಂದರೆ 2033ರವರೆಗೆ. ಅದಕ್ಕೆ ಮೊದಲು, ಹಿರಿತನದ ಪದ್ಧತಿ ಮುರಿಯದಿದ್ದರೆ, 2027ರ ಸೆಪ್ಟೆಂಬರಿನಲ್ಲಿ ವೆಂಕಟರಾಮಯ್ಯನವರ ಮಗಳು ಬಿ.ವಿ. ನಾಗರತ್ನ ದೇಶದ ಮೊದಲ ಮಹಿಳಾ ಮುಖ್ಯ ನ್ಯಾಯಮೂರ್ತಿಯಾಗುತ್ತಾರೆ, ಕೆಲವೇ ವಾರಗಳ ಅವಧಿಗೆ. ಸುಪ್ರೀಂ ಕೋರ್ಟಿನಲ್ಲಿ ನಿವೃತ್ತಿ ವಯಸ್ಸು 65. ಹಾಗಾಗಿ 2033ರಲ್ಲಿ ಕಾವೇರಿಯ ಕಡತ ಮತ್ತೆ ಬಿಚ್ಚಿದರೆ ಅದನ್ನು ಓದುವವರಲ್ಲಿ ಹೆಚ್ಚಿನವರು ಇಂದು ಯಾವುದೋ ಹೈಕೋರ್ಟಿನಲ್ಲಿ ಐವತ್ತರ ಆಸುಪಾಸಿನಲ್ಲಿ ಕೂತಿದ್ದಾರೆ, ಅಥವಾ ಇನ್ನೂ ವಕೀಲರ ಕರಿ ಕೋಟಿನಲ್ಲೇ ಇದ್ದಾರೆ. ಅವರನ್ನು ಆರಿಸುವ ಕೊಲಿಜಿಯಂ ಸಭೆಗಳು ಈ ವರ್ಷಗಳಲ್ಲೇ ನಡೆಯುತ್ತಿವೆ. ನಾನು ಇದನ್ನು ಹೇಳಿದ ಮೇಲೆ ದೊಡ್ಡಪ್ಪ ಕೆ.ಆರ್.ಎಸ್. ಮಟ್ಟ ಓದಿ ಮುಗಿಸಿ ಪತ್ರಿಕೆಯನ್ನು ಮಡಚುವುದಿಲ್ಲ. ಒಳಪುಟ ತಿರುವಿ, ನ್ಯಾಯಮೂರ್ತಿಗಳ ನೇಮಕದ ಸುದ್ದಿ ಇದ್ದರೆ ಅದರ ಮೇಲೂ ಬೆರಳಿಟ್ಟು ಓದುತ್ತಾರೆ.